ತಾಲ್ಲೂಕಿನ ಹುಡುಗಿಯೂ ಲೆದರ್ ಬಾಲೂ

ಕಡೂರಿನ ವೇದಾ ಕೃಷ್ಣಮೂರ್ತಿಯವರು 2025ರ ಜುಲೈ ತಿಂಗಳಲ್ಲಿ ಕ್ರಿಕೆಟ್ ಆಟದಿಂದ ನಿವೃತ್ತರಾದರು. ಅದಾದ ನಾಲ್ಕು ತಿಂಗಳೊಳಗೆ, ನವೆಂಬರ್ 2ರ ರಾತ್ರಿ, ನವಿ ಮುಂಬಯಿಯಲ್ಲಿ ಭಾರತದ ಮಹಿಳೆಯರು ದಕ್ಷಿಣ ಆಫ್ರಿಕವನ್ನು 52 ರನ್ನುಗಳಿಂದ ಸೋಲಿಸಿ ಮೊತ್ತಮೊದಲ ಬಾರಿಗೆ ವಿಶ್ವಕಪ್ ಗೆದ್ದರು. ದೇಶವೆಲ್ಲ ಸಂಭ್ರಮಿಸಿತು, ಹುಣಸೂರಿನ ಬೀದಿಗಳಲ್ಲಿಯೂ ಪಟಾಕಿ ಸಿಡಿದರೆ ಆಶ್ಚರ್ಯವೇನಿಲ್ಲ. ಆದರೆ ಆ ಜಯಶಾಲಿ ತಂಡದ ಯಾದಿಯನ್ನು ಮೇಲಿನಿಂದ ಕೆಳಕ್ಕೆ ಓದಿದ ಕನ್ನಡಿಗನಿಗೆ ಒಂದು ಸಂಗತಿ ಗೋಚರಿಸದೆ ಇರಲಾರದು: ಅದರಲ್ಲಿ ಕರ್ನಾಟಕದ ಆಟಗಾರ್ತಿ ಒಬ್ಬರೂ ಇರಲಿಲ್ಲ. ಒಬ್ಬರ ವಿದಾಯವನ್ನೂ ಈ ಶೂನ್ಯವನ್ನೂ ಜೊತೆಗಿಟ್ಟು ವಿಚಾರ ಮಾಡುವುದು, ಮೈಸೂರು ಜಿಲ್ಲೆಯ ಪಶ್ಚಿಮದ ತಾಲ್ಲೂಕುಗಳಲ್ಲಿ ಹೆಣ್ಣುಮಕ್ಕಳನ್ನು ಬೆಳೆಸುತ್ತಿರುವ ನಮಗೆ ಅಪ್ರಸ್ತುತವಲ್ಲವೆಂದು ನನ್ನ ಭಾವನೆ.

ಈ ಆಟದಲ್ಲಿ ನಮ್ಮ ನಾಡು ತಡವಾಗಿ ಕಾಲಿಟ್ಟಿತೆಂದು ಯಾರೂ ಹೇಳುವಂತಿಲ್ಲ. ಭಾರತದ ಮಹಿಳೆಯರು ಮೊದಲ ಟೆಸ್ಟ್ ಪಂದ್ಯವನ್ನಾಡಿದುದು 1976ರ ಅಕ್ಟೋಬರ್ 31ರಂದು, ವೆಸ್ಟ್ ಇಂಡೀಸಿನ ವಿರುದ್ಧ, ಬೆಂಗಳೂರಿನಲ್ಲಿ. ಆ ತಂಡದ ನಾಯಕಿ ಕರ್ನಾಟಕದ ಶಾಂತಾ ರಂಗಸ್ವಾಮಿ. ಅದೇ ಸರಣಿಯಲ್ಲಿ, ಪಟ್ನಾದಲ್ಲಿ, ಭಾರತಕ್ಕೆ ಮೊದಲ ಟೆಸ್ಟ್ ಜಯವೂ ಅವರ ನಾಯಕತ್ವದಲ್ಲಿಯೇ ಲಭಿಸಿತು. ಮರುವರ್ಷ ನ್ಯೂಜಿಲೆಂಡಿನ ಡನೀಡಿನ್ನಿನಲ್ಲಿ ಅವರು ಹೊಡೆದ 108 ರನ್ನುಗಳು ಭಾರತೀಯ ಮಹಿಳೆಯೊಬ್ಬಳ ಪ್ರಥಮ ಟೆಸ್ಟ್ ಶತಕವೆನಿಸಿದುವು. ಮೀಸಲಿಲ್ಲದ ರೈಲುಡಬ್ಬಿಯಲ್ಲಿ ಪ್ರಯಾಣ ಮಾಡಿ, ಹಾಸುನೆಲದ ಮೇಲೆ ಮಲಗಿ ಎದ್ದು ಆಡಿದ ತಲೆಮಾರು ಅದು. ಅಂಥ ಪರಂಪರೆಯುಳ್ಳ ನಾಡಿಗೆ ಅರ್ಧ ಶತಮಾನದ ಬಳಿಕ ವಿಶ್ವವಿಜೇತ ತಂಡದಲ್ಲಿ ಒಂದು ಸ್ಥಾನವೂ ದೊರೆಯಲಿಲ್ಲವೆಂದರೆ, ಪ್ರತಿಭೆ ಬತ್ತಿಹೋಯಿತೆಂದು ಶೋಕಿಸುವುದಕ್ಕಿಂತ, ಪ್ರತಿಭೆಯನ್ನು ನಾವು ಎಲ್ಲೆಲ್ಲಿ ಹುಡುಕುತ್ತಿದ್ದೇವೆ, ಎಲ್ಲೆಲ್ಲಿ ಹುಡುಕುತ್ತಲೇ ಇಲ್ಲ ಎಂಬುದನ್ನು ಕೇಳಿಕೊಳ್ಳುವುದು ಹೆಚ್ಚು ಪ್ರಯೋಜನಕಾರಿ.

ವೇದಾ ಅವರ ಕ್ರೀಡಾಜೀವನ ಈ ಪ್ರಶ್ನೆಗೆ ಒಳ್ಳೆಯ ನಿದರ್ಶನ. ಕಡೂರು ನಮ್ಮ ಪಿರಿಯಾಪಟ್ಟಣದಂತೆಯೇ, ಕೃಷ್ಣರಾಜನಗರದಂತೆಯೇ ಒಂದು ತಾಲ್ಲೂಕು ಕೇಂದ್ರ. ತಂದೆ ಕೇಬಲ್ ಟಿ.ವಿ. ವ್ಯವಹಾರ ನಡೆಸುತ್ತಿದ್ದವರು, ಮಗಳು ಬೀದಿಯಲ್ಲಿ ಹುಡುಗರೊಡನೆ ಬ್ಯಾಟು ಹಿಡಿದವಳು. ಆದರೆ ಬೀದಿಯ ಆಟ ಕ್ರಮಬದ್ಧ ಶಿಕ್ಷಣವಾಗಬೇಕಾದಾಗ ಕಡೂರಿನಲ್ಲಿ ಅದಕ್ಕೆ ಸ್ಥಳವಿರಲಿಲ್ಲ. ಬಾಲ್ಯ ಮುಗಿಯುವ ಮುನ್ನವೇ ಬೆಂಗಳೂರಿಗೆ ಹೋಗಿ, ಇರ್ಫಾನ್ ಸೇಠ್ ಅವರ ಕರ್ನಾಟಕ ಇನ್‌ಸ್ಟಿಟ್ಯೂಟ್ ಆಫ್ ಕ್ರಿಕೆಟ್ ಸೇರಬೇಕಾಯಿತು. 2011ರ ಜೂನ್ 30ರಂದು, ಹದಿನೆಂಟರ ವಯಸ್ಸಿನಲ್ಲಿ, ಇಂಗ್ಲೆಂಡಿನ ಡರ್ಬಿಯಲ್ಲಿ ಮೊದಲ ಏಕದಿನ ಪಂದ್ಯವಾಡಿ 51 ರನ್ ಗಳಿಸಿದರು. ಆರು ವರ್ಷಗಳ ಅನಂತರ, 2017ರ ವಿಶ್ವಕಪ್ಪಿನಲ್ಲಿ, ಅದೇ ಡರ್ಬಿಯಲ್ಲಿ ನ್ಯೂಜಿಲೆಂಡಿನ ವಿರುದ್ಧ ಗೆದ್ದವರಿಗೆ ಮಾತ್ರ ಸೆಮಿಫೈನಲ್ ಎಂಬ ಸ್ಥಿತಿಯಲ್ಲಿ, ಮಿಥಾಲಿ ರಾಜ್ ಒಂದು ಕಡೆ ನಿಧಾನವಾಗಿ ಶತಕದತ್ತ ಸಾಗುತ್ತಿರಲು ಮತ್ತೊಂದು ಕಡೆ ವೇದಾ 45 ಎಸೆತಗಳಲ್ಲಿ 70 ರನ್ನುಗಳನ್ನು ಬಾಚಿದರು. ಆ ಮೇಲೆ ವಿಜಯಪುರದ ರಾಜೇಶ್ವರಿ ಗಾಯಕವಾಡ್, ಆ ಪಂದ್ಯಾವಳಿಯಲ್ಲಿ ಮೊದಲ ಬಾರಿಗೆ ಅವಕಾಶ ಪಡೆದವರು, ತಮ್ಮ ಎಡಗೈ ಸ್ಪಿನ್ನಿನಿಂದ 15 ರನ್ನಿಗೆ ಐದು ವಿಕೆಟ್ ಕಿತ್ತು ಎದುರಾಳಿಗಳನ್ನು 79ಕ್ಕೆ ಮುಗಿಸಿದರು. ಒಂದೇ ಅಪರಾಹ್ಣದಲ್ಲಿ ಕಡೂರೂ ವಿಜಯಪುರವೂ ಸೇರಿ ಭಾರತವನ್ನು ಸೆಮಿಫೈನಲ್ಲಿಗೆ ದಾಟಿಸಿದುವೆಂದರೆ ಅತಿಶಯೋಕ್ತಿಯಾಗಲಾರದು. ಲಾರ್ಡ್ಸಿನ ಫೈನಲ್ಲಿನಲ್ಲಿ 229ನ್ನು ಬೆನ್ನಟ್ಟಿದ ಭಾರತ ಮೂರು ವಿಕೆಟ್ಟಿಗೆ 191 ಮುಟ್ಟಿದ್ದಾಗ ವೇದಾ ಕ್ರೀಸಿನಲ್ಲಿದ್ದರು; ಅವರು 35ಕ್ಕೆ ಔಟಾದರು, ತಂಡ 219ಕ್ಕೆ ಕುಸಿಯಿತು, ಒಂಬತ್ತು ರನ್ನುಗಳ ಅಂತರದಲ್ಲಿ ಕಪ್ ಕೈತಪ್ಪಿತು.

2020ರ ಮಾರ್ಚ್ 8ರಂದು ಮೆಲ್ಬರ್ನಿನಲ್ಲಿ, 86,174 ಪ್ರೇಕ್ಷಕರ ಮುಂದೆ ನಡೆದ ಟ್ವೆಂಟಿ-20 ವಿಶ್ವಕಪ್ಪಿನ ಫೈನಲ್ಲೇ ಭಾರತದ ಪರವಾಗಿ ಅವರ ಕೊನೆಯ ಪಂದ್ಯವಾಯಿತು. ಆಗ ಅವರ ವಯಸ್ಸು ಇಪ್ಪತ್ತೇಳು. ಮರುವರ್ಷ ಕೊರೋನಾದ ಎರಡನೆಯ ಅಲೆಯಲ್ಲಿ ಕೆಲವೇ ದಿನಗಳ ಅಂತರದಲ್ಲಿ ತಾಯಿಯನ್ನೂ ಅಕ್ಕನನ್ನೂ ಕಳೆದುಕೊಂಡರು. ಅನಂತರವೂ ದೇಶೀಯ ಪಂದ್ಯಗಳನ್ನಾಡಿದರು, 2024ರಲ್ಲಿ ಮಹಿಳಾ ಪ್ರೀಮಿಯರ್ ಲೀಗಿನಲ್ಲಿ ಗುಜರಾತಿನ ತಂಡದಲ್ಲಿದ್ದರು, ವೀಕ್ಷಕ ವಿವರಣೆಯ ಕೆಲಸವನ್ನೂ ಕೈಗೊಂಡರು. ನಲವತ್ತೆಂಟು ಏಕದಿನ, ಎಪ್ಪತ್ತಾರು ಟ್ವೆಂಟಿ-20 ಪಂದ್ಯಗಳ ಈ ಜೀವನ ಗೌರವಾರ್ಹವಾದುದು; ಆದರೆ ಅದರ ಬೆಲೆಯ ಮೊದಲ ಕಂತು ತೆತ್ತದ್ದು ಆಟದ ಅಂಗಳದಲ್ಲಲ್ಲ, ಊರು ಬಿಟ್ಟ ದಿನ.

ಇಂಥವರನ್ನು ಹೊಗಳುವಾಗ ನಮ್ಮ ಸಭೆಗಳಲ್ಲಿ ಒಂದು ವಿಪರ್ಯಾಸ ನಡೆಯುವುದುಂಟು. ಶಾಲು, ಹಾರ, ಹಣ್ಣಿನ ಬುಟ್ಟಿ, ಮೈಸೂರು ಪೇಟ ಇವುಗಳ ನಡುವೆ ಭಾಷಣಕಾರರು ಆಟಗಾರ್ತಿಯ ಆಟಕ್ಕಿಂತ ಆಕೆಯ ಕಷ್ಟಗಳನ್ನೇ ಹೆಚ್ಚು ವರ್ಣಿಸುತ್ತಾರೆ: ಬಡತನ, ದೂರದ ಪ್ರಯಾಣ, ಅರೆಹೊಟ್ಟೆ, ನೆರೆಹೊರೆಯವರ ಕುಹಕ. ಕಷ್ಟವೇ ಸಾಧನೆಯ ಸೋಪಾನವೆಂಬ ಈ ಮಾತು ಕೇಳಲು ಸೊಗಸಾಗಿದೆ; ಆದರೆ ಆ ಕಷ್ಟವನ್ನು ತಪ್ಪಿಸಬೇಕಾಗಿದ್ದವರೇ ಹಲವು ವೇಳೆ ವೇದಿಕೆಯ ಮೇಲೆ ಕುಳಿತಿರುತ್ತಾರೆ. 2017ರ ವಿಶ್ವಕಪ್ಪಿನ ತರುವಾಯ ರಾಜೇಶ್ವರಿಯವರಿಗೆ ಸಚಿವರೊಬ್ಬರು ಕಾರನ್ನು ಬಹುಮಾನವಾಗಿ ಕೊಡಲು ಮುಂದಾದಾಗ, ತಂದೆಯನ್ನು ಕಳೆದುಕೊಂಡ ಕುಟುಂಬದ ಭಾರ ಹೊತ್ತಿದ್ದ ಆಕೆ, ತಮಗೆ ಮೊದಲು ಬೇಕಾದುದು ಮನೆಯೆಂದು ವಿನಯದಿಂದಲೇ ತಿಳಿಸಿದರು. ಸನ್ಮಾನ ಮಾಡುವವರ ಕಲ್ಪನೆಗೂ ಸನ್ಮಾನಿತರ ಅಗತ್ಯಕ್ಕೂ ಇರುವ ಅಂತರವನ್ನು ಇದಕ್ಕಿಂತ ಸ್ಪಷ್ಟವಾಗಿ ತೋರಿಸುವ ಘಟನೆ ದೊರೆಯಲಾರದು. ಕಷ್ಟದ ಗುಣಗಾನ ಮಾಡುವ ಸಮಾಜ, ಆ ಕಷ್ಟವನ್ನು ದಾಟಲಾರದೆ ಮಧ್ಯದಲ್ಲೇ ನಿಂತವರನ್ನು ಎಣಿಸುವುದೇ ಇಲ್ಲ.

ಈಗ ಹುಣಸೂರು, ಪಿರಿಯಾಪಟ್ಟಣ, ಹೆಗ್ಗಡದೇವನಕೋಟೆ, ಕೃಷ್ಣರಾಜನಗರ ಎಂಬ ನಮ್ಮ ನಾಲ್ಕು ತಾಲ್ಲೂಕುಗಳ ಕಡೆಗೆ ನೋಡೋಣ. ಹುಣಸೂರು, ಪಿರಿಯಾಪಟ್ಟಣಗಳ ಹೊಗೆಸೊಪ್ಪಿನ ಹೊಲಗಳಲ್ಲಿ ಮುಂಗಾರಿನ ನಡುವೆ ಸೊಪ್ಪು ಮುರಿಯುವ ಕಾಲ ಬಂದರೆ ಮನೆಮಂದಿಯೆಲ್ಲ ಬ್ಯಾರನ್ನಿನ ಮುಂದೆ ಕುಳಿತು ಕಡ್ಡಿಗೆ ಸೊಪ್ಪು ಕಟ್ಟುತ್ತಾರೆ. ಶಾಲೆ ಬಿಟ್ಟು ಬಂದ ಹುಡುಗಿಯ ಬೆರಳುಗಳಿಗೂ ಆ ಕಪ್ಪು ಅಂಟು ಮೆತ್ತಿಕೊಳ್ಳುತ್ತದೆ. ಹೋಬಳಿ ಮಟ್ಟದ, ತಾಲ್ಲೂಕು ಮಟ್ಟದ ಶಾಲಾ ಕ್ರೀಡಾಕೂಟಗಳು ನಡೆಯುವುದೂ ಹೆಚ್ಚುಕಡಿಮೆ ಅದೇ ದಿನಗಳಲ್ಲಿ. ಹೆಗ್ಗಡದೇವನಕೋಟೆಯ ಕಾಡಂಚಿನ ಹಾಡಿಗಳ ಮಕ್ಕಳು ಆಶ್ರಮ ಶಾಲೆಗಳಲ್ಲಿ ಓದುತ್ತಾರೆ. ಅವರ ಓಟದ ವೇಗವನ್ನು ಕಂಡವರೇ ಬಲ್ಲರು. ಗಂಡುಹುಡುಗರಿಗೆ ಕ್ರಿಕೆಟ್ಟಿನ ಬರವಿಲ್ಲ. ಸುಗ್ಗಿ ಮುಗಿದ ಗದ್ದೆಯಲ್ಲಿ, ಊರಾಚೆಯ ಬಯಲಿನಲ್ಲಿ, ಹೊನಲು ಬೆಳಕಿನ ಟೆನಿಸ್ ಬಾಲ್ ಪಂದ್ಯಾವಳಿಗಳು ಫ್ಲೆಕ್ಸ್, ಧ್ವನಿವರ್ಧಕ, ನಗದು ಬಹುಮಾನ ಸಮೇತ ನಡೆಯುತ್ತವೆ. ಹುಡುಗಿಯರಿಗೆ ಶಾಲೆಯಲ್ಲಿ ದೊರೆಯುವುದು ಕೊಕ್ಕೊ, ಕಬಡ್ಡಿ, ಥ್ರೋಬಾಲ್.

ಅದೇನೂ ಅಲ್ಪವಲ್ಲ. ನಮ್ಮದೇ ಜಿಲ್ಲೆಯ ತಿ. ನರಸೀಪುರ ತಾಲ್ಲೂಕಿನ ಕುರುಬೂರು ಗ್ರಾಮದ ಬಿ. ಚೈತ್ರಾ ಅವರು 2025ರ ಜನವರಿಯಲ್ಲಿ ದೆಹಲಿಯಲ್ಲಿ ನಡೆದ ಪ್ರಥಮ ಕೊಕ್ಕೊ ವಿಶ್ವಕಪ್ಪನ್ನು ಗೆದ್ದ ಭಾರತ ಮಹಿಳಾ ತಂಡದಲ್ಲಿದ್ದರು. ಒಂದು ಗ್ರಾಮದ ಶಾಲೆ, ಎಡೆಬಿಡದೆ ಕಲಿಸುವ ಗುರು, ಪ್ರತಿದಿನವೂ ಕೈಗೆ ಸಿಗುವ ಅಂಗಳ, ಈ ಮೂರು ಕೂಡಿದಲ್ಲಿ ಹಳ್ಳಿಯ ಹುಡುಗಿ ಜಗತ್ತಿನ ಎದುರು ನಿಲ್ಲಬಲ್ಲಳೆಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ. ಓಟ, ಬಾಗು, ದೃಷ್ಟಿಯ ಚುರುಕು, ಕ್ಷಣಾರ್ಧದ ನಿರ್ಣಯ ಇವೆಲ್ಲ ನಮ್ಮ ಮಕ್ಕಳಲ್ಲಿ ಆಗಲೇ ಇವೆ. ಆದರೆ ಕೊಕ್ಕೊ ಆಟಕ್ಕೆ ಎರಡು ಕಂಬ ಸಾಕು. ಕ್ರಿಕೆಟ್ಟಿಗೆ ಲೆದರ್ ಬಾಲ್ ಬೇಕು, ಮತ್ತು ಅದು ಸಕಾಲದಲ್ಲಿ ಬೇಕು.

ಇಲ್ಲಿಯೇ ವಿಷಯದ ಮರ್ಮವಿರುವುದು. ಟೆನಿಸ್ ಬಾಲ್ ಎದೆಮಟ್ಟಕ್ಕೆ ಪುಟಿಯುತ್ತದೆ, ಬಡಿದರೆ ನೋಯುವುದಿಲ್ಲ. ಅದರಲ್ಲಿ ಕಲಿತವರು ಬ್ಯಾಟನ್ನು ಅಡ್ಡಲಾಗಿ ಬೀಸುವುದನ್ನೇ ರೂಢಿಸಿಕೊಳ್ಳುತ್ತಾರೆ. ಮಹಿಳೆಯರ ಕ್ರಿಕೆಟ್ಟಿನ ಲೆದರ್ ಬಾಲ್ 140ರಿಂದ 151 ಗ್ರಾಂ ತೂಗುತ್ತದೆ. ಅದರ ಹೊಲಿಗೆಯ ಏಣು ನೆಲಕ್ಕೆ ತಾಗಿದಾಗ ಚೆಂಡು ಯಾವ ಕಡೆಗೂ ತಿರುಗಬಹುದು. ಅದರ ಎದುರು ನಿಲ್ಲುವವಳು ಪ್ಯಾಡು, ಗ್ಲೌಸು, ಹೆಲ್ಮೆಟ್ ಕಟ್ಟಿಕೊಂಡು ಮುಂಗಾಲು ಚಾಚುವುದನ್ನೂ, ಬ್ಯಾಟನ್ನು ನೇರವಾಗಿ ಇಳಿಸುವುದನ್ನೂ, ಎಲ್ಲಕ್ಕಿಂತ ಮೊದಲು ಹೆದರದಿರುವುದನ್ನೂ ಕಲಿಯಬೇಕು. ಈ ಅಭ್ಯಾಸ ಹನ್ನೊಂದು ಹನ್ನೆರಡರ ವಯಸ್ಸಿನಲ್ಲಿ ಸುಲಭ; ಹದಿನೇಳರಲ್ಲಿ ದುಸ್ಸಾಧ್ಯ. ಸಸಿಗಳ ಒಟ್ಟಲು ಬಿಡದೆ ನೇರವಾಗಿ ನಾಟಿಗೆ ಗದ್ದೆ ಹದಮಾಡುವವನನ್ನು ಕಂಡು ಕೃಷ್ಣರಾಜನಗರದ ಭತ್ತದ ರೈತ ನಗದಿರುವನೇ? ಆಯ್ಕೆಯ ಶಿಬಿರ ನಡೆಸಿ ತಾಲ್ಲೂಕಿನ ಹುಡುಗಿಯರು ಬರಲಿಲ್ಲವೆನ್ನುವ ವ್ಯವಸ್ಥೆ ಅಂಥದೇ ಆಗಿದೆ.

ಮೈಸೂರು ಹತ್ತಿರದಲ್ಲಿಯೇ ಇದೆಯಲ್ಲ ಎನ್ನಬಹುದು. ಇದೆ, ಮೈಸೂರಿನವರೇ ಆದ ಶುಭಾ ಸತೀಶ್ 2023ರ ಡಿಸೆಂಬರಿನಲ್ಲಿ ಇಂಗ್ಲೆಂಡಿನ ವಿರುದ್ಧ ತಮ್ಮ ಚೊಚ್ಚಲ ಟೆಸ್ಟಿನಲ್ಲಿ 69 ರನ್ ಹೊಡೆದರು, ಭಾರತ ಆ ಪಂದ್ಯವನ್ನು 347 ರನ್ನುಗಳಿಂದ ಗೆದ್ದಿತು. ನಗರದ ಹುಡುಗಿಗೆ ದಾರಿ ತೆರೆದಿದೆಯೆಂಬುದಕ್ಕೆ ಅದು ಹೆಮ್ಮೆಯ ನಿದರ್ಶನ. ಆದರೆ ಹುಣಸೂರಿನಿಂದ ಮೈಸೂರಿಗೆ ಬಸ್ಸಿನಲ್ಲಿ ಒಂದು ಗಂಟೆಗೂ ಮಿಗಿಲು. ಹುಣಸೂರಿಗೆ ಬರಲು ಹಳ್ಳಿಯಿಂದ ಇನ್ನೊಂದು ಬಸ್ಸು. ಸಂಜೆ ಆರರವರೆಗೆ ನೆಟ್ಸಿನಲ್ಲಿ ಆಡಿದವಳು ಊರು ಸೇರುವಾಗ ರಾತ್ರಿ. ಕಿಟ್ಟಿನ ಚೀಲ ಹೊತ್ತು ಒಬ್ಬಳೇ ಮಗಳು ನಿತ್ಯವೂ ಹೀಗೆ ಓಡಾಡಲೆಂದು ಯಾವ ತಾಯಿ ತಾನೆ ಒಪ್ಪುವಳು? ಆಕೆಯ ನಿರಾಕರಣೆಯನ್ನು ಸಂಪ್ರದಾಯದ ಸಂಕುಚಿತತೆಯೆಂದು ಜರೆಯುವುದು ಅನ್ಯಾಯ. ಅದು ಬಸ್ಸಿನ ವೇಳಾಪಟ್ಟಿಯನ್ನು ಬಲ್ಲ ವಿವೇಕ.

ಈ ಗಂಟನ್ನು ಬಿಡಿಸಿದವರು ಇದ್ದಾರೆ. ಹಿಮಾಚಲ ಪ್ರದೇಶದ ಕ್ರಿಕೆಟ್ ಸಂಸ್ಥೆ ಧರ್ಮಶಾಲೆಯಲ್ಲಿ ಹುಡುಗಿಯರಿಗೆಂದೇ ವಸತಿಸಹಿತ ಅಕಾಡೆಮಿಯನ್ನು ತೆರೆಯಿತು. ಶಿಮ್ಲಾ ಜಿಲ್ಲೆಯ ಪರ್ಸಾ ಎಂಬ ಹಳ್ಳಿಯ, ಬಾಲ್ಯದಲ್ಲೇ ತಂದೆಯನ್ನು ಕಳೆದುಕೊಂಡ ರೇಣುಕಾ ಸಿಂಗ್ ಠಾಕೂರ್ ಅಲ್ಲಿಯೇ ಇದ್ದು, ಉಂಡು, ಕಲಿತು, ವಿಶ್ವಕಪ್ ಗೆದ್ದ ತಂಡದ ವೇಗದ ಬೌಲರ್ ಆದರು. ಅದೇ ತಂಡದ ಕ್ರಾಂತಿ ಗೌಡ್ ಮಧ್ಯಪ್ರದೇಶದ ಛತರ್‌ಪುರ ಜಿಲ್ಲೆಯ ಘುವಾರಾದವರು. ಶ್ರೀ ಚರಣಿ ಆಂಧ್ರದ ಕಡಪಾ ಜಿಲ್ಲೆಯವರು. ಕಡಲಾಚೆಯ ಐರ್ಲೆಂಡನ್ನೇ ನೋಡಿ: ಜನಸಂಖ್ಯೆಯಲ್ಲಿ ಕರ್ನಾಟಕದ ಸುಮಾರು ಹತ್ತರಲ್ಲೊಂದರಷ್ಟಿರುವ ಆ ದೇಶದ ಆಟಗಾರ್ತಿಯರಿಗೆ 2022ರವರೆಗೆ ಪೂರ್ಣಾವಧಿಯ ಸಂಬಳದ ಒಪ್ಪಂದವೇ ಇರಲಿಲ್ಲ, ಓದುತ್ತಲೋ ಉದ್ಯೋಗ ಮಾಡುತ್ತಲೋ ಬಿಡುವಿನಲ್ಲಿ ಆಡಿದರು. 2025ರ ಜನವರಿಯಲ್ಲಿ ರಾಜಕೋಟದಲ್ಲಿ ಭಾರತ ಅವರ ವಿರುದ್ಧ 435 ರನ್ ಪೇರಿಸಿ 304 ರನ್ನುಗಳಿಂದ ಗೆದ್ದುದು ನಿಜ; ಆದರೆ ಅದಕ್ಕೆ ನಾಲ್ಕು ತಿಂಗಳ ಹಿಂದೆ ಬೆಲ್‌ಫಾಸ್ಟಿನಲ್ಲಿ ಅವರು ಇಂಗ್ಲೆಂಡನ್ನೇ ಸೋಲಿಸಿದ್ದರು. ಅಲ್ಪ ಜನಸಂಖ್ಯೆಯ ನಾಡು ತನ್ನಲ್ಲಿರುವ ಪ್ರತಿಯೊಬ್ಬ ಹುಡುಗಿಯನ್ನೂ ಲೆಕ್ಕಕ್ಕೆ ಹಿಡಿಯಲೇಬೇಕಾಗುತ್ತದೆ. ಆರು ಕೋಟಿ ಮೀರಿದ ನಾವು ಬೆಂಗಳೂರಿನ ಹುಡುಗಿಯರೇ ಸಾಕೆಂದುಕೊಂಡು ಉಳಿದವರನ್ನು ಮರೆಯುತ್ತೇವೆ.

ಹಾಗಾದರೆ ನಾಲ್ಕು ತಾಲ್ಲೂಕುಗಳಲ್ಲಿ ನಾಲ್ಕು ಕ್ರೀಡಾಂಗಣ ಕಟ್ಟಬೇಕೆ? ಬೇಡ. ಗ್ಯಾಲರಿಯುಳ್ಳ ಕ್ರೀಡಾಂಗಣ ಕಟ್ಟಿದರೆ ಶಂಕುಸ್ಥಾಪನೆಯ ಕಲ್ಲು ಉಳಿಯುತ್ತದೆ, ಹುಲ್ಲು ಬೆಳೆಯುತ್ತದೆ. ಬಡವರ, ಹಿಂದುಳಿದವರ ಮಕ್ಕಳಿಗೆ ವಿದ್ಯಾರ್ಥಿನಿಲಯಗಳ ಬಾಗಿಲು ಅಗಲವಾಗಲು ಶ್ರಮಿಸಿದ ದೇವರಾಜ ಅರಸರು ಹುಣಸೂರು ತಾಲ್ಲೂಕಿನ ಕಲ್ಲಹಳ್ಳಿಯವರು. ನಮ್ಮ ಪ್ರಶ್ನೆಗೆ ಉತ್ತರವೂ ಅವರು ಹಿಡಿದ ಆ ದಿಕ್ಕಿನಲ್ಲಿಯೇ ಇದೆ. ಮೊರಾರ್ಜಿ ದೇಸಾಯಿ, ಕಿತ್ತೂರು ರಾಣಿ ಚೆನ್ನಮ್ಮ ವಸತಿ ಶಾಲೆಗಳಲ್ಲಿ ಆರನೆಯ ತರಗತಿಯಿಂದಲೇ ಹುಡುಗಿಯರು ಇದ್ದು ಓದುತ್ತಾರೆ. ಲೆದರ್ ಬಾಲಿಗೆ ತಕ್ಕ ವಯಸ್ಸೂ ಅದೇ. ಅಲ್ಲಿ ಸಂಜೆಯ ಬಸ್ಸಿನ ಭಯವಿಲ್ಲ, ಹೊಟ್ಟೆಯ ಚಿಂತೆಯಿಲ್ಲ. ತಾಲ್ಲೂಕಿಗೆ ಒಂದರಂತೆ ಆರಿಸಿಕೊಂಡ ವಸತಿ ಶಾಲೆಯ ಅಂಗಳದಲ್ಲಿ ಇಪ್ಪತ್ತೆರಡು ಗಜದ ಸಿಮೆಂಟು ಪಿಚ್ಚು, ಅದರ ಮೇಲೊಂದು ಮ್ಯಾಟು, ಮೂರು ಕಡೆ ಬಲೆ, ಅಳತೆಗೆ ತಕ್ಕ ಕೆಲವು ಕಿಟ್ಟು, ವಾರದಲ್ಲಿ ಮೂರು ಸಂಜೆ ಬರುವ ಒಬ್ಬ ಮಹಿಳಾ ತರಬೇತುದಾರಳು: ಇಷ್ಟೇ. ಪಿಚ್ಚನ್ನು ತಾಲ್ಲೂಕು ಪಂಚಾಯಿತಿ ಹಾಕಿಸಲಿ. ತರಬೇತುದಾರಳನ್ನು ರಾಜ್ಯ ಕ್ರಿಕೆಟ್ ಸಂಸ್ಥೆಯ ಮೈಸೂರು ವಲಯ ಕಳುಹಿಸಲಿ. ಸುತ್ತಲ ಶಾಲೆಗಳ ಹುಡುಗಿಯರಿಗೆ ಭಾನುವಾರ ಬಾಗಿಲು ತೆರೆದಿರಲಿ. ನಾಲ್ಕು ತಾಲ್ಲೂಕುಗಳ ನಡುವೆ ವರ್ಷಕ್ಕೊಮ್ಮೆ, ಸೊಪ್ಪಿನ ಕೆಲಸ ಮುಗಿದ ಮೇಲೆ, ಒಂದು ಲೀಗ್ ಪಂದ್ಯಾವಳಿ ನಡೆಯಲಿ.

ಶಾಲೆಗಳಲ್ಲಿ ಗಣಿತದ ಶಿಕ್ಷಕರೇ ಸಾಲದಿರುವಾಗ ಕ್ರಿಕೆಟ್ ತರಬೇತುದಾರರ ಮಾತೇಕೆಂದು ಕೇಳುವವರಿದ್ದಾರೆ. ಕ್ರಿಕೆಟ್ ಬಂದರೆ ಕೊಕ್ಕೊ ಸಾಯುವುದೆಂದು ಅಂಜುವವರೂ ಇದ್ದಾರೆ. ಎರಡೂ ನಿರ್ಲಕ್ಷ್ಯಕ್ಕೆ ಅರ್ಹವಾದ ಆಕ್ಷೇಪಗಳಲ್ಲ. ಗಣಿತದ ಶಿಕ್ಷಕರು ಮೊದಲು ಬರಲಿ. ಆದರೆ ಆ ಕೊರತೆ ಗಂಡುಹುಡುಗರ ಪಂದ್ಯಾವಳಿಗೆ ಚಂದಾ ಎತ್ತುವಾಗ ಯಾರಿಗೂ ನೆನಪಾಗದೆ ಹುಡುಗಿಯರ ಪಿಚ್ಚಿನ ಮಾತು ಬಂದಾಗ ಮಾತ್ರ ನೆನಪಾಗುವುದು ಸರಿಯಲ್ಲ. ಕೊಕ್ಕೊ ಆಡುವವಳು ಕ್ರಿಕೆಟ್ಟನ್ನೂ ಆಡಬಹುದು. ಹದಿನಾಲ್ಕರವರೆಗೆ ಎರಡೂ ಪರಸ್ಪರ ಪೋಷಕ. ಇನ್ನು ಜೀವನೋಪಾಯದ ಮಾತು: ಶಾಂತಾ ಅವರ ಕಾಲದಲ್ಲಿ ಆಟದಿಂದ ಕೀರ್ತಿಯಷ್ಟೇ ಬರುತ್ತಿತ್ತು, ಅನ್ನಕ್ಕೆ ಬ್ಯಾಂಕಿನ ಕೆಲಸ ಬೇಕಾಗಿತ್ತು. 2022ರ ಅಕ್ಟೋಬರಿನಿಂದ ಭಾರತ ತಂಡದ ಮಹಿಳೆಯರಿಗೂ ಪುರುಷರಷ್ಟೇ, ಟೆಸ್ಟಿಗೆ 15 ಲಕ್ಷ, ಏಕದಿನಕ್ಕೆ 6 ಲಕ್ಷ, ಟ್ವೆಂಟಿ-20ಗೆ 3 ಲಕ್ಷ ರೂಪಾಯಿ ಪಂದ್ಯಶುಲ್ಕ ನಿಗದಿಯಾಗಿದೆ. 2023ರಿಂದ ಮಹಿಳಾ ಲೀಗ್ ನಡೆಯುತ್ತಿದೆ. ಆ ಎತ್ತರಕ್ಕೆ ಏರುವವರು ವಿರಳ; ಆದರೆ ರಾಜ್ಯ ತಂಡ, ರೈಲ್ವೆಯ ನೌಕರಿ, ಅಂಪೈರಿಂಗ್, ತರಬೇತಿ ಹೀಗೆ ನಡುವಿನ ಮೆಟ್ಟಿಲುಗಳೂ ಈಗ ಅನ್ನ ಕೊಡುತ್ತವೆ.

ಹೆಗ್ಗಡದೇವನಕೋಟೆಯಿಂದಲೋ ಪಿರಿಯಾಪಟ್ಟಣದಿಂದಲೋ ನಾಳೆಯೇ ಒಬ್ಬ ಅಂತರರಾಷ್ಟ್ರೀಯ ಆಟಗಾರ್ತಿ ಹೊರಡುವಳೆಂದು ನಾನು ಭವಿಷ್ಯ ನುಡಿಯುವುದಿಲ್ಲ. ನಾನು ಹೇಳುವುದಿಷ್ಟೇ: ಹನ್ನೆರಡರ ಹುಡುಗಿಯೊಬ್ಬಳು ಈ ಆಟ ತನಗೆ ಒಗ್ಗುವುದೋ ಇಲ್ಲವೋ ಎಂದು ತಿಳಿಯುವ ಮೊದಲೇ ತನ್ನ ಮನೆತನವನ್ನು ಬೆಂಗಳೂರಿಗೆ ಎತ್ತಿ ಸಾಗಿಸಬೇಕಾದ ಸ್ಥಿತಿ ಇರಕೂಡದು. ಆಡಿ ನೋಡಿ ಬೇಡವೆಂದು ಬಿಡುವ ಸ್ವಾತಂತ್ರ್ಯವೂ ನಮ್ಮ ಹುಡುಗರಿಗಿರುವಂತೆ ಆಕೆಗೂ ಇರಬೇಕು. ಮುಂದಿನ ಶೈಕ್ಷಣಿಕ ವರ್ಷದ ಆಯವ್ಯಯ ಸಿದ್ಧವಾಗುವಾಗ ನಾಲ್ಕು ಪಿಚ್ಚುಗಳ ಹೆಸರಿನಲ್ಲಿ ಒಂದು ಸಾಲು ಸೇರಿಸುವುದು ನಮ್ಮ ಶಾಸಕರಿಗೆ ಭಾರವಾದ ಕೆಲಸವಲ್ಲ. ಸೇರಿಸಿರೆಂದು ಕೇಳುವುದು, ಸೇರಿಸದಿದ್ದರೆ ಏಕೆಂದು ಮತ್ತೆ ಕೇಳುವುದು, ಹೆಣ್ಣುಮಕ್ಕಳ ತಂದೆತಾಯಿಯರಾದ ನಮ್ಮ ಕೆಲಸ.