ಮೂಲೆಯಲ್ಲೊಂದು ಕಚ್ಚು

ನನ್ನ ದೊಡ್ಡಮ್ಮನ ಮಗ ಸುಹಾಸನ ಮೇಲೆ ನಾನು ಹೊರಿಸಿದ ಆರೋಪ ಇಷ್ಟು: ಕೆಲಸ ಮಾಡಲ್ಲ ಅಂತ ಗೊತ್ತಿದ್ದೂ ಒಂದು ಕ್ಯಾಸೆಟ್ ಕೊಟ್ಟು, ನನ್ನ ಮಾರಿಯೋನ ಹೊಡ್ಕೊಂಡ. ಆಗ ನನಗೆ ಹತ್ತು ವರ್ಷ, ಅವನಿಗೆ ಹನ್ನೊಂದು. ಆರೋಪ ಸುಳ್ಳು ಅಂತ ನನಗೆ ಗೊತ್ತಾಗಿದ್ದು ಕಳೆದ ವರ್ಷ, ಅದೂ ಆಫೀಸಿನ ಕ್ಯಾಂಟೀನಿನಲ್ಲಿ.

2002ರ ಬೇಸಿಗೆ ರಜೆ. ತೀರ್ಥಹಳ್ಳಿಯ ಅಜ್ಜಿ ಮನೆ. ದೊಡ್ಡಪ್ಪ ಮಸ್ಕತ್‌ನಲ್ಲಿ ಕೆಲಸದಲ್ಲಿದ್ದರು. ಎರಡು ವರ್ಷಕ್ಕೊಮ್ಮೆ ಅವರು ಬಂದಾಗ ಮನೆಗೆಲ್ಲ ಟ್ಯಾಂಗ್ ಡಬ್ಬಿ, ಸೆಂಟು, ಟಾರ್ಚು. ನನಗೆ ಸಿಗುತ್ತಿದ್ದದ್ದು ಸುಹಾಸ ಹಾಕಿ ಬಿಟ್ಟ ಬಟ್ಟೆ, ಸುಹಾಸ ಓದಿ ಬಿಟ್ಟ ಪುಸ್ತಕ. ಅದಕ್ಕೆ ಹಿಂದಿನ ಸಲ ಬಂದಾಗ ಅವನು ಆಡಿ ಬಿಟ್ಟ ಗೇಮ್ ಬಾಯ್ ಸಿಕ್ಕಿತ್ತು. ಬೂದು ಬಣ್ಣದ, ಇಟ್ಟಿಗೆಯಂಥ ಯಂತ್ರ. ಪೆನ್ಸಿಲ್ ಸೆಲ್ ನಾಲ್ಕು ಬೇಕು. ಪರದೆ ಹಸಿರು ಹಸಿರು. ಜೊತೆಗೆ ಎರಡು ಕ್ಯಾಸೆಟ್: ಟೆಟ್ರಿಸ್ ಮತ್ತು ಸೂಪರ್ ಮಾರಿಯೋ ಲ್ಯಾಂಡ್. (ಕಾರ್ಟ್ರಿಜ್ ಅಂತ ಯಾರೂ ಅನ್ನುತ್ತಿರಲಿಲ್ಲ, ಕ್ಯಾಸೆಟ್ಟೇ.) ನಮ್ಮ ಬೀದಿಯ ಹುಡುಗರ ಹತ್ತಿರ ಇದ್ದದ್ದು ಅಗ್ಗದ ಬ್ರಿಕ್ ಗೇಮ್. ಹಾಗಾಗಿ ನನ್ನ ಗತ್ತು ಏನು ಕೇಳ್ತೀರ.

ಆ ರಜೆಗೆ ಸುಹಾಸ ಗೇಮ್ ಬಾಯ್ ಕಲರ್ ಹಿಡಿದುಕೊಂಡು ಬಂದ. ನನ್ನದರ ಮುಂದೆ ಅದು ಸೋಪಿನ ಡಬ್ಬಿಯಷ್ಟು ಪುಟ್ಟದು. ಸೆಲ್ ಎರಡೇ. ಬಣ್ಣದ ಪರದೆ. ಎರಡು ದಿನ ನೋಡಿ ನೋಡಿ ಹೊಟ್ಟೆ ಉರಿಸಿಕೊಂಡೆ. ಮೂರನೇ ದಿನ ಅವನೇ ಬಂದು, "ನಂಗೆ ಮಾರಿಯೋ ವಾಪಸ್ ಕೊಡೋ, ಇದ್ರಲ್ಲಿ ಹಾಕಿ ನೋಡ್ತೀನಿ. ಬದ್ಲಿಗೆ ನೀನು ಇದನ್ನ ಇಟ್ಕೋ" ಅಂತ ಒಂದು ಕ್ಯಾಸೆಟ್ ಕೊಟ್ಟ. ಪೋಕೆಮಾನ್ ಕ್ರಿಸ್ಟಲ್. ನೀಲಿ ಛಾಯೆಯ, ಒಳಗೆಲ್ಲ ಮಿನುಗು ಇರುವ, ಆಚೆ ಬದಿ ಕಾಣುವಂಥ ಪ್ಲಾಸ್ಟಿಕ್ಕು. ಬೂದು ಮಾರಿಯೋಗೆ ಇಂಥದ್ದು ಬದಲಿ ಅಂದರೆ ಯಾರು ಬೇಡ ಅಂತಾರೆ?

ಮಾರಿಯೋ ಅವನ ಯಂತ್ರದಲ್ಲಿ ಹಾಕಿದ ತಕ್ಷಣ ಓಡಿತು. ಅದೂ ಬಣ್ಣದಲ್ಲಿ! ನನ್ನ ಹಸಿರು ಪರದೆಯಲ್ಲಿ ಎರಡು ವರ್ಷ ಓಡಾಡಿದ ಅದೇ ಮಾರಿಯೋ. ನಾನು ಕ್ರಿಸ್ಟಲ್ ಹಾಕಿ ಸ್ವಿಚ್ ಸರಿಸಿದೆ. ಸ್ವಿಚ್ ಸರಿಯಲೇ ಇಲ್ಲ. ಆನ್ ಆಗಿ ಕೆಟ್ಟುಹೋಗಿದ್ದಲ್ಲ, ಸ್ವಿಚ್ಚೇ ಅಲ್ಲಾಡುತ್ತಿಲ್ಲ. ಒತ್ತಿ ಒತ್ತಿ ಹೆಬ್ಬೆರಳು ಕೆಂಪಾಯಿತು. ಟೆಟ್ರಿಸ್ ಹಾಕಿದರೆ ಟಕ್ ಅಂತ ಸರಿಯುತ್ತೆ. ಕ್ರಿಸ್ಟಲ್ ಹಾಕಿದರೆ ಕಲ್ಲು.

"ಇದು ಕೆಟ್ಟಿದೆ ಕಣೋ."

"ಕೆಟ್ಟಿಲ್ಲ ಮಾರಾಯ, ನೋಡು" ಅಂತ ಅವನು ತನ್ನದರಲ್ಲಿ ಹಾಕಿ ತೋರಿಸಿದ. ಓಡಿತು.

ಹತ್ತು ವರ್ಷದ ತಲೆಗೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಕಾ? ಅವನ ಹತ್ತಿರ ಓಡುತ್ತೆ, ನನ್ನ ಹತ್ತಿರ ಓಡಲ್ಲ. ನನ್ನ ಯಂತ್ರ ಮೊದಲು ಅವನದೇ ಆಗಿತ್ತು. ಅಂದರೆ ಅವನಿಗೆ ಗೊತ್ತಿತ್ತು! ಊಟಕ್ಕೆ ಕೂತ ಪಂಕ್ತಿಯಲ್ಲೇ ದೂರು ಹೇಳಿದೆ. ಅವನು ಮಾರಿಯೋ ವಾಪಸ್ ಕೊಡ್ತೀನಿ ಅಂದ. ನಾನು ಅಳು ನಿಲ್ಲಿಸಲಿಲ್ಲ. ದೊಡ್ಡಪ್ಪ ಎದ್ದು ಬಂದು ಎಲ್ಲರ ಮುಂದೆ ಅವನ ಕೆನ್ನೆಗೆ ಬಾರಿಸಿದರು. ಅವನು ಕ್ರಿಸ್ಟಲ್ ಅನ್ನು ನನ್ನ ಕಡೆ ಎಸೆದು, "ಇಟ್ಕೋ, ನಂಗೆ ಬೇಡ" ಅಂದ. ಆ ರಜೆ ಪೂರ್ತಿ ಮಾತಿಲ್ಲ. ಆಮೇಲೂ ಮದುವೆ ಮುಂಜಿಗಳಲ್ಲಿ ಸಿಕ್ಕಾಗ "ಹೇಗಿದೀಯ", "ಆರಾಮ". ಅಷ್ಟೇ.

ಕಳೆದ ವರ್ಷ ಅಮ್ಮ ಶಿವಮೊಗ್ಗದ ಮನೆಯ ಅಟ್ಟ ಖಾಲಿ ಮಾಡಿಸಿದರು. ಬಿಸ್ಕತ್ ಡಬ್ಬಿಯೊಂದರಲ್ಲಿ ಬೂದು ಯಂತ್ರ, ಟೆಟ್ರಿಸ್, ಕ್ರಿಸ್ಟಲ್. ನಮ್ಮ ಟೀಮಿನಲ್ಲಿ ಹಳೆ ಗೇಮ್ ಕೂಡಿಡುವ ಹುಚ್ಚಿನ ಹುಡುಗನೊಬ್ಬನಿದ್ದಾನೆ. ಕ್ಯಾಂಟೀನಿನಲ್ಲಿ ಅವನ ಮುಂದೆ ಡಬ್ಬಿ ತೆರೆದು ಕತೆ ಹೇಳಿದೆ. ಅವನು ನಗಲಿಲ್ಲ. ಎರಡೂ ಕ್ಯಾಸೆಟ್ ಪಕ್ಕಪಕ್ಕ ಇಟ್ಟು, "ಮೂಲೆ ನೋಡಿ ಸಾರ್" ಅಂದ.

ಟೆಟ್ರಿಸ್‌ನ ಮೇಲಿನ ಒಂದು ಮೂಲೆಯಲ್ಲಿ ಚೌಕಾಕಾರದ ಪುಟ್ಟ ಕಚ್ಚು. ಕ್ರಿಸ್ಟಲ್‌ನಲ್ಲಿ ಅದಿಲ್ಲ.

ವಿಷಯ ಇಷ್ಟೇ. 1989ರ ಮೊದಲ ಗೇಮ್ ಬಾಯ್‌ನಲ್ಲಿ ಪವರ್ ಸ್ವಿಚ್ ಸರಿಸಿದಾಗ ಒಳಗಿಂದ ಒಂದು ಪ್ಲಾಸ್ಟಿಕ್ ನಾಲಗೆಯೂ ಸರಿದು ಆ ಕಚ್ಚಿನೊಳಗೆ ಕೂರುತ್ತೆ. ಆಟ ನಡೆಯುವಾಗ ಯಾರೂ ಕ್ಯಾಸೆಟ್ ಎಳೆಯಬಾರದು ಅಂತ ಇಟ್ಟ ಚಿಲಕ ಅದು. 1998ರಲ್ಲಿ ಗೇಮ್ ಬಾಯ್ ಕಲರ್ ಬಂದಾಗ ನಿಂಟೆಂಡೊ ಕಂಪನಿ ಇದೇ ಚಿಲಕವನ್ನು ಕಾವಲಿಗೆ ಬಳಸಿಕೊಂಡಿತು. ಕಲರ್‌ನಲ್ಲಿ ಮಾತ್ರ ಓಡುವ ಆಟಗಳಿಗೆ ಕಚ್ಚೇ ಇಡಲಿಲ್ಲ. ಕಚ್ಚಿಲ್ಲದಿದ್ದರೆ ನಾಲಗೆಗೆ ಜಾಗವಿಲ್ಲ. ನಾಲಗೆ ಹೋಗದಿದ್ದರೆ ಸ್ವಿಚ್ ಸರಿಯದು. ನನ್ನ ಹೆಬ್ಬೆರಳು ಕೆಂಪಾಗಿದ್ದು ಈ ಲೆಕ್ಕದಲ್ಲಿ. ನಡುವೆ 1996ರಲ್ಲಿ ಬಂದ ಗೇಮ್ ಬಾಯ್ ಪಾಕೆಟ್‌ನಲ್ಲಿ ಈ ಚಿಲಕ ಇಲ್ಲ. ಅದರಲ್ಲಿ ಹಾಕಿದ್ದರೆ ಆನ್ ಆಗಿ, ಈ ಆಟ ಕಲರ್‌ನಲ್ಲಿ ಮಾತ್ರ ನಡೆಯುತ್ತೆ ಅಂತ ಪರದೆಯ ಮೇಲೆ ಬರಹ ಬರುತ್ತಿತ್ತು. ನನ್ನದು ಪಾಕೆಟ್ ಆಗಿದ್ದಿದ್ದರೆ ಸುಹಾಸನಿಗೆ ಏಟು ಬೀಳುತ್ತಿರಲಿಲ್ಲ ಅಂತ ಆ ಸಂಜೆ ಮೆಟ್ರೋದಲ್ಲಿ ನಿಂತು ಯೋಚಿಸಿದೆ. ಕಲರ್‌ಗೆ ಮಾತ್ರ ಅನ್ನೋದು ಆಟದ ರಟ್ಟಿನ ಪೆಟ್ಟಿಗೆಯ ಮೇಲೂ ಅಚ್ಚಾಗಿರುತ್ತೆ. ನಮ್ಮ ಪೆಟ್ಟಿಗೆ ಮಸ್ಕತ್‌ನಲ್ಲಿತ್ತು.

ಅಂದರೆ ಹೊಂದಾಣಿಕೆ ಒಂದೇ ದಿಕ್ಕಿಗೆ. ಎರಡು ಪಿನ್ನಿನ ಪ್ಲಗ್ ಮೂರು ಪಿನ್ನಿನ ಸಾಕೆಟ್ಟಿಗೆ ಹೋಗುತ್ತೆ, ಮೂರು ಪಿನ್ನಿನದು ಎರಡಕ್ಕೆ ಹೋಗಲ್ಲ, ಹಾಗೆ. ಕಲರ್‌ನ ಪ್ರೊಸೆಸರ್ ಹಳೆಯದರದೇ ಜಾತಿ, ಬೇಕಾದಾಗ ಎರಡರಷ್ಟು ವೇಗದಲ್ಲಿ ಓಡಬಲ್ಲದು. ಕೆಲಸದ ಮೆಮೊರಿ 8 ಕೆಬಿ ಇದ್ದದ್ದು 32 ಕೆಬಿ ಆಯಿತು. ಹಳೆ ಆಟ ಬಂದರೆ ಅದು ಹಳೆಯ ವೇಗಕ್ಕೆ ಇಳಿದು ನಡೆಸಿಕೊಡುತ್ತೆ. ಮಾರಿಯೋಗೆ ಬಣ್ಣ ಬಂದದ್ದೂ ಮಾಯವಲ್ಲ. ನಿಂಟೆಂಡೊ ತನ್ನ ಎಷ್ಟೋ ಹಳೆ ಆಟಗಳಿಗೆ ಬಣ್ಣ ಗೊತ್ತುಮಾಡಿ ಯಂತ್ರದೊಳಗೇ ತುಂಬಿಟ್ಟಿತ್ತು. ಅದು ಬೇಡವಾದರೆ ಆನ್ ಮಾಡುವಾಗ ಬಾಣದ ಗುಂಡಿಯನ್ನು ಒಂದೊಂದು ದಿಕ್ಕಿಗೆ, ಬರಿದಾಗಿ ಅಥವಾ ಎ, ಬಿ ಗುಂಡಿಗಳ ಜೊತೆ ಒತ್ತಿ 12 ಥರದ ಬಣ್ಣ ಪಡೆಯಬಹುದು. ಕ್ಯಾಸೆಟ್ಟುಗಳಲ್ಲೂ ಮೂರು ಜಾತಿ. ಬೂದು ಹಳೆಯದು. ಕಪ್ಪು ಎರಡರಲ್ಲೂ ನಡೆಯುತ್ತೆ. ಪಾರದರ್ಶಕವಾದದ್ದು ಕಲರ್‌ಗೆ ಮಾತ್ರ. ಪೋಕೆಮಾನ್‌ನಲ್ಲೇ ಗೋಲ್ಡ್, ಸಿಲ್ವರ್ ಎರಡೂ ನನ್ನ ಇಟ್ಟಿಗೆಯಲ್ಲಿ ಓಡುತ್ತಿದ್ದವು. ಅವುಗಳ ಬೆನ್ನಿಗೇ ಬಂದ ಕ್ರಿಸ್ಟಲ್ ಓಡಲ್ಲ. ಸುಹಾಸ ಪ್ರೀತಿಯಿಂದ ಆರಿಸಿ ಕೊಟ್ಟಿದ್ದು ಸರಿಯಾಗಿ ಅದನ್ನೇ.

ಇದರ ಮುಂದಿನ ಯಂತ್ರ 2001ರ ಗೇಮ್ ಬಾಯ್ ಅಡ್ವಾನ್ಸ್. ಈ ವಂಶದಲ್ಲಿ ನನಗೆ ತುಂಬ ಇಷ್ಟವಾದದ್ದು ಇದರ ಒಳಗಿನ ಏರ್ಪಾಡು. ಅಡ್ವಾನ್ಸ್‌ನ ಪ್ರೊಸೆಸರ್ 32 ಬಿಟ್ಟಿನ ಎಆರ್‌ಎಂ, ಪೂರ್ತಿ ಬೇರೆ ಜಾತಿ. ಹಳೆ ಆಟದ ಒಂದು ಸಾಲೂ ಅದಕ್ಕೆ ಅರ್ಥವಾಗದು. ಅದಕ್ಕೆ ಏನು ಮಾಡಿದರು? ಹಳೆಯ 8 ಬಿಟ್ಟಿನ ಪ್ರೊಸೆಸರನ್ನೂ ಒಳಗೇ ಇಟ್ಟುಬಿಟ್ಟರು. ಗ್ಯಾಸ್ ಬಂದ ಮೇಲೂ ಹಿತ್ತಲ ಬಚ್ಚಲಲ್ಲಿ ಹಂಡೆ ಒಲೆ ಇರುತ್ತಲ್ಲ, ಹಾಗೆ. ಯಾವುದು ಕೆಲಸಕ್ಕೆ ಇಳಿಯಬೇಕು ಅನ್ನೋದನ್ನು ಕ್ಯಾಸೆಟ್ ಕೂರುವ ಜಾಗದ ಪುಟ್ಟ ಸ್ವಿಚ್ ತೀರ್ಮಾನಿಸುತ್ತೆ. ಹಳೆ ಕ್ಯಾಸೆಟ್‌ನ ಆಕಾರ ಅದನ್ನು ಒತ್ತುತ್ತೆ, ಹೊಸದು ಒತ್ತಲ್ಲ. ಒತ್ತಿದರೆ 8 ಬಿಟ್ಟಿನ ಪ್ರೊಸೆಸರ್ ಮತ್ತು 5 ವೋಲ್ಟ್, ಇಲ್ಲದಿದ್ದರೆ ಎಆರ್‌ಎಂ ಮತ್ತು 3.3 ವೋಲ್ಟ್. ಇಲ್ಲೂ ಕೆಲಸ ಮಾಡುವುದು ಪ್ಲಾಸ್ಟಿಕ್ಕಿನ ಆಕಾರವೇ. ಹಳೆ ಆಟ ಅಗಲ ಪರದೆಯ ನಡುವೆ ಪುಟ್ಟದಾಗಿ ಕೂರುತ್ತೆ. ಎಲ್, ಆರ್ ಗುಂಡಿ ಒತ್ತಿದರೆ ಅಡ್ಡಡ್ಡ ಹಿಗ್ಗುತ್ತೆ. ನೋಡೋಕೆ ಚೆನ್ನಾಗಿರಲ್ಲ, ಬಿಡಿ.

ನಿಮ್ಮಲ್ಲಿ ಕೆಲವರು ಸಂಬಳ ಬಂದ ವಾರ ಸೆಕೆಂಡ್‌ಹ್ಯಾಂಡ್ ಗೇಮ್ ಬಾಯ್ ಹುಡುಕುತ್ತೀರಿ ಅಂತ ನನಗೆ ಗೊತ್ತು. ನಾನೂ ಹುಡುಕಿದೆ. ಓಡುತ್ತೆ ಅನ್ನೋದೇ ಬೇರೆ, ಆಡೋಕಾಗುತ್ತೆ ಅನ್ನೋದೇ ಬೇರೆ. ಮೊದಲ ಅಡ್ವಾನ್ಸ್‌ನ ಪರದೆಗೆ ದೀಪವೇ ಇಲ್ಲ. ಅದರ ಜೊತೆಗೇ ಬಂದ ಕ್ಯಾಸಲ್‌ವೇನಿಯಾ ಸರ್ಕಲ್ ಆಫ್ ದಿ ಮೂನ್ ಎಷ್ಟು ಕತ್ತಲೆಯ ಆಟ ಅಂದರೆ ಕಿಟಕಿ ಹತ್ತಿರ ಹೋಗಿ ಕೂರಬೇಕು. 2003ರಲ್ಲಿ ಬಂದ ಮಡಚುವ ಎಸ್‌ಪಿಗೆ ದೀಪವೂ ಬಂತು, ಚಾರ್ಜ್ ಮಾಡುವ ಬ್ಯಾಟರಿಯೂ ಬಂತು. ಅದರಲ್ಲೂ ಎರಡು ಬಗೆ ಇದೆ. ಹಿಂದಿನ ಲೇಬಲ್ಲಿನಲ್ಲಿ ಎಜಿಎಸ್-001 ಅಂತಿದ್ದರೆ ಬೆಳಕು ಮುಂದಿನಿಂದ, ಮಂಕು. ಎಜಿಎಸ್-101 ಅಂತಿದ್ದರೆ ಹಿಂದಿನಿಂದ, ಲಕಲಕ. ಬೆಲೆ ಕೇಳುವ ಮುಂಚೆ ಲೇಬಲ್ಲಿನ ಫೋಟೋ ಕೇಳಿ. ಇಯರ್‌ಫೋನಿಗೆ ಎಸ್‌ಪಿಯಲ್ಲಿ ಮಾಮೂಲಿ ತೂತಿಲ್ಲ, ಚಾರ್ಜರ್ ಜಾಗಕ್ಕೆ ಹಾಕುವ ಅಡಾಪ್ಟರ್ ಬೇಕು. ಇನ್ನೊಂದು ತಮಾಷೆ. ಕಲರ್‌ಗೆ ಬಂದ ಕಿರ್ಬಿ ಟಿಲ್ಟ್ ಎನ್ ಟಂಬಲ್‌ನ ಕ್ಯಾಸೆಟ್‌ನೊಳಗೆ ಓಲಾಟ ಗುರುತಿಸುವ ಸೆನ್ಸರ್ ಇದೆ. ಎಸ್‌ಪಿಯಲ್ಲಿ ಕ್ಯಾಸೆಟ್ ಕೂರುವುದು ನಮ್ಮ ಕಡೆಯ ಅಂಚಿನಲ್ಲಿ, ಅಂದರೆ ತಿರುಗಿಸಿ. ಹಾಗಾಗಿ ಬಲಕ್ಕೆ ವಾಲಿಸಿದರೆ ಕಿರ್ಬಿ ಎಡಕ್ಕೆ ಉರುಳುತ್ತೆ! ಹೊಂದುತ್ತೆ, ಆದರೆ ಉಲ್ಟಾ.

ಹಂಡೆ ಒಲೆಯನ್ನು ಕೊನೆಗೂ ಕಿತ್ತು ಹಾಕಿದ್ದು 2004ರ ಡಿಎಸ್‌ನಲ್ಲಿ. ಅದರಲ್ಲಿ ಅಡ್ವಾನ್ಸ್ ಕ್ಯಾಸೆಟ್ ಓಡುತ್ತೆ, ಹಳೆ ಗೇಮ್ ಬಾಯ್, ಕಲರ್ ಎರಡೂ ಓಡಲ್ಲ. ಕೇಬಲ್ ಹಾಕುವ ಜಾಗವನ್ನೂ ತೆಗೆದಿದ್ದರಿಂದ ಅಡ್ವಾನ್ಸ್ ಆಟಗಳನ್ನು ಇಬ್ಬರು ಸೇರಿ ಆಡುವಂತಿಲ್ಲ. 2005ರ ಪುಟಾಣಿ ಮೈಕ್ರೋಗೂ ಅಡ್ವಾನ್ಸ್ ಆಟ ಮಾತ್ರ. 2008ರ ಡಿಎಸ್‌ಐ ಬರುವ ಹೊತ್ತಿಗೆ ಅಡ್ವಾನ್ಸ್‌ನ ಕಿಂಡಿಯೂ ಹೋಯಿತು. 2011ರ 3ಡಿಎಸ್‌ಗೆ ಡಿಎಸ್ ಕಾರ್ಡ್ ಹೊಂದುತ್ತೆ, ಚಿತ್ರ ಸ್ವಲ್ಪ ಮಸುಕು. ಆಟ ತೆರೆಯುವಾಗ ಸ್ಟಾರ್ಟ್ ಅಥವಾ ಸೆಲೆಕ್ಟ್ ಒತ್ತಿ ಹಿಡಿದರೆ ಮೂಲ ಅಳತೆಯಲ್ಲಿ ಸ್ಫುಟವಾಗಿ ಬರುತ್ತೆ. 3ಡಿಎಸ್ ಕಾರ್ಡ್ ಹಳೆ ಡಿಎಸ್‌ಗೆ ಹೋಗಬಾರದು ಅಂತ ಅದರ ಮೂಲೆಗೆ ಒಂದು ಚಾಚು ಇಟ್ಟಿದ್ದಾರೆ. ಆಗ ಕಚ್ಚು ಇಲ್ಲದೆ ತಡೆದರು, ಈಗ ಚಾಚು ಇಟ್ಟು ತಡೆದರು.

ನಾನು ಕೊಂಡದ್ದು 101 ಎಸ್‌ಪಿ. ಹಳೆಯ ಬೂದು ಕ್ಯಾಸೆಟ್‌ನಿಂದ ಅಡ್ವಾನ್ಸ್‌ವರೆಗೆ ಮೂರು ತಲೆಮಾರು ಒಂದರಲ್ಲೇ ಮುಗಿಯುತ್ತೆ. ಕ್ರಿಸ್ಟಲ್ ಹಾಕಿದೆ. ಸ್ವಿಚ್ ಸಲೀಸಾಗಿ ಸರಿಯಿತು. ಸಂಗೀತ ಬಂತು. ಮೆನುವಿನಲ್ಲಿ ಹೊಸ ಆಟ ಅನ್ನುವ ಆಯ್ಕೆ ಇತ್ತು, ಮುಂದುವರಿಸು ಅನ್ನುವುದು ಇರಲಿಲ್ಲ.

ಆ ಕಾಲದ ಪೋಕೆಮಾನ್ ಕ್ಯಾಸೆಟ್‌ಗಳಲ್ಲಿ ಆಟದ ದಾಖಲೆ ಉಳಿಯುವುದು ಒಳಗಿನ ಬಟನ್ ಸೆಲ್ಲಿನ ದಯೆಯಿಂದ. ಗೋಲ್ಡ್, ಸಿಲ್ವರ್, ಕ್ರಿಸ್ಟಲ್‌ನಲ್ಲಿ ಅದೇ ಸೆಲ್ಲು ಗಡಿಯಾರವನ್ನೂ ಹಗಲು ರಾತ್ರಿ ನಡೆಸಬೇಕು, ಹಾಗಾಗಿ ಬೇಗ ಬರಿದಾಗುತ್ತೆ. ಮುಂದೆ ಅಡ್ವಾನ್ಸ್‌ಗೆ ಬಂದ ರೂಬಿ, ಸಫೈರ್‌ನಲ್ಲಿ ದಾಖಲೆ ಫ್ಲ್ಯಾಶ್ ಮೆಮೊರಿಗೆ ಹೋಯಿತು. ಅಲ್ಲಿ ಸೆಲ್ ಸತ್ತರೆ ಗಡಿಯಾರ ಮಾತ್ರ ನಿಲ್ಲುತ್ತೆ. ಕ್ರಿಸ್ಟಲ್‌ನಲ್ಲಿ ಎಲ್ಲವೂ ಹೋಗುತ್ತೆ. ಸುಹಾಸ ಮಸ್ಕತ್‌ನಲ್ಲಿ ಕೂತು ಹಿಡಿದ, ಬೆಳೆಸಿದ ಅಷ್ಟೂ ಪ್ರಾಣಿಗಳು ಬಿಸ್ಕತ್ ಡಬ್ಬಿಯೊಳಗೆ ಯಾವತ್ತೋ ಅಳಿಸಿಹೋಗಿದ್ದವು. ನಾನು ಒಂದು ಸಲವೂ ಅವನ್ನು ನೋಡಿರಲಿಲ್ಲ. ಟೀಮಿನ ಹುಡುಗ ಬೆಸುಗೆ ಹಾಕಿ ಹೊಸ ಸೆಲ್ ಕೂರಿಸಿಕೊಟ್ಟ. ಇನ್ನು ಮುಂದೆ ಆಡಿದ್ದು ಉಳಿಯುತ್ತೆ, ಹೋದದ್ದು ಬರಲ್ಲ.

ಅಜ್ಜಿಯ ತಿಥಿಗೆ ಎಲ್ಲರೂ ತೀರ್ಥಹಳ್ಳಿಯಲ್ಲಿ ಸೇರಿದೆವು. ಊಟ ಆದ ಮೇಲೆ ಸುಹಾಸ ಜಗಲಿಯಲ್ಲಿ ಮಗಳನ್ನು ಕೂರಿಸಿಕೊಂಡು ಎಲೆ ಅಡಿಕೆ ಹಾಕುತ್ತಿದ್ದ. ನಾನು ಬೂದು ಯಂತ್ರ, ಟೆಟ್ರಿಸ್, ಕ್ರಿಸ್ಟಲ್ ಮೂರನ್ನೂ ಅವನ ಮುಂದಿಟ್ಟು ಕಚ್ಚು ತೋರಿಸಿದೆ. ಅವನು ಕ್ರಿಸ್ಟಲ್ ಹಾಕಿ ಸ್ವಿಚ್ ಸರಿಸಿ ನೋಡಿದ. ಸರಿಯಲಿಲ್ಲ. ಟೆಟ್ರಿಸ್ ಹಾಕಿ ಸರಿಸಿದ. ಮತ್ತೆ ಕ್ರಿಸ್ಟಲ್.

"ಇಷ್ಟಕ್ಕಾ?" ಅಂದ.

"ತಪ್ಪಾಯ್ತು ಕಣೋ."

"ಅಪ್ಪನಿಗೆ ಹೇಳಿದ್ಯಾ?"

ದೊಡ್ಡಪ್ಪ ಒಳಗೆ ಈಸಿ ಚೇರಿನಲ್ಲಿ ಮಲಗಿದ್ದರು. ಹೇಳಿರಲಿಲ್ಲ.

"ಹೇಳ್ಬೇಡ" ಅಂದ. ಸ್ವಲ್ಪ ಹೊತ್ತು ಬಿಟ್ಟು, "ಮಾರಿಯೋ ಮೈಸೂರಲ್ಲಿದೆ. ನಿಂದೇ ಅದು, ತಗೊಂಡು ಹೋಗು" ಅಂದ. ನಾನು ಎಸ್‌ಪಿ ತೆಗೆದು ಕ್ರಿಸ್ಟಲ್ ಹಾಕಿ ಅವನ ಕೈಗೆ ಕೊಟ್ಟೆ. ದಾಖಲೆ ಹೋಗಿರೋದನ್ನೂ ಹೇಳಿದೆ. ಅವನು ಹೂಂ ಅಂದನೇ ಹೊರತು ಪರದೆಯಿಂದ ಕಣ್ಣು ತೆಗೆಯಲಿಲ್ಲ.

ಹೊಸ ಆಟ ಶುರುವಾದರೆ ಕ್ರಿಸ್ಟಲ್ ಮೊದಲು ಕೇಳುವುದು ನೀನು ಹುಡುಗನೋ ಹುಡುಗಿಯೋ ಅಂತ. ತೊಡೆಯ ಮೇಲಿದ್ದ ಮಗಳು ಅಪ್ಪನನ್ನು ಕೇಳದೆ ಹುಡುಗಿ ಅಂತ ಒತ್ತಿಬಿಟ್ಟಳು. ಆಮೇಲೆ ಅದು ಈಗ ಗಂಟೆ ಎಷ್ಟು ಅಂತ ಕೇಳಿತು. ಸುಹಾಸ ಒಳಗಿನ ಗೋಡೆ ಗಡಿಯಾರದ ಕಡೆ ಕತ್ತು ಚಾಚಿ ನೋಡಿ, "ಮೂರೂವರೆ ಹಾಕು" ಅಂದ.