ಟೈಮ್ ಟರ್ನರ್: ಬದಲಾಗುವುದು ಭೂತಕಾಲವೋ, ಅದರ ಅರಿವೋ?

ಕಲ್ಪಿತ ಲೋಕಕ್ಕೆ ನಿಯಮಗಳಿಲ್ಲವೆಂದು ಭಾವಿಸುವುದು ತಪ್ಪು. ವಾಸ್ತವದ ಕಟ್ಟುಪಾಡುಗಳಿಂದ ಬಿಡುಗಡೆ ಪಡೆದ ಕೃತಿಯು ತಾನೇ ವಿಧಿಸಿಕೊಂಡ ನಿಯಮಗಳಿಗೆ ಇನ್ನಷ್ಟು ಬದ್ಧವಾಗಿರಬೇಕಾಗುತ್ತದೆ. ಜೆ.ಕೆ. ರೌಲಿಂಗ್ ಅವರ ಹ್ಯಾರಿ ಪಾಟರ್ ಕಾದಂಬರಿಮಾಲೆಯಲ್ಲಿ ಬರುವ ‘ಟೈಮ್ ಟರ್ನರ್’ ಎಂಬ ಸಾಧನವು ಈ ದೃಷ್ಟಿಯಿಂದ ಪರಿಶೀಲನಾರ್ಹವಾದುದು. 1999ರಲ್ಲಿ ಪ್ರಕಟವಾದ ಮೂರನೆಯ ಕಾದಂಬರಿಯಲ್ಲಿ ಕಾಣಿಸಿಕೊಂಡ ಇದನ್ನು ಕಥಾಬಂಧದ ದೊಡ್ಡ ಬಿರುಕೆಂದು ಆಕ್ಷೇಪಿಸುವುದು ವಾಡಿಕೆಯಾಗಿದೆ. ಕಾಲದಲ್ಲಿ ಹಿಂದೆ ಸರಿಯಬಹುದಾಗಿದ್ದರೆ ವೋಲ್ಡೆಮಾರ್ಟ್‌ನನ್ನು ಮೊದಲೇ ತಡೆಯಲಿಲ್ಲವೇಕೆ, ಹ್ಯಾರಿಯ ತಂದೆತಾಯಿಯರನ್ನು ಉಳಿಸಲಿಲ್ಲವೇಕೆ ಎಂಬುದು ಆ ಆಕ್ಷೇಪದ ತಿರುಳು. ಕೃತಿಯ ಪಾಠವನ್ನು ಸೂಕ್ಷ್ಮವಾಗಿ ಗಮನಿಸಿದರೆ ಇದು ನಿಲ್ಲುವುದಿಲ್ಲ.

ಮೊದಲು ಸಾಧನದ ಸ್ವರೂಪವನ್ನು ನೋಡಬೇಕು. ನೀಳವಾದ ಚಿನ್ನದ ಸರಕ್ಕೆ ಕಟ್ಟಿದ ಪುಟ್ಟ ಮರಳುಗಡಿಯಾರ ಅದು. ಒಂದು ಸಲ ತಿರುಗಿಸಿದರೆ ಒಂದು ಗಂಟೆ ಹಿಂದಕ್ಕೆ. ಅದು ದೊರೆಯುವುದು ವೀರನಿಗಲ್ಲ, ಓದುವ ಹುಡುಗಿಗೆ. ಏಕಕಾಲದಲ್ಲಿ ನಡೆಯುವ ಹಲವು ತರಗತಿಗಳಿಗೆ ಹಾಜರಾಗಲು ಹರ್ಮಾಯ್ನಿಗೆ ಅದನ್ನು ಕೊಡಿಸುವವರು ಅಧ್ಯಾಪಕಿ ಮೆಕ್‌ಗಾನಗಲ್. ವ್ಯಾಸಂಗಕ್ಕಲ್ಲದೆ ಬೇರಾವುದಕ್ಕೂ ಬಳಸಕೂಡದೆಂಬುದು ಸರ್ಕಾರದ ಕರಾರು. ಗಂಟೆಗಳು ಹೆಚ್ಚಿದುವೇ ಹೊರತು ದೇಹದ ಬಲ ಹೆಚ್ಚಲಿಲ್ಲ. ಬಳಲಿದ ಅವಳು ಮನಸ್ಸನ್ನು ಉಲ್ಲಾಸಗೊಳಿಸುವ ಮಂತ್ರವನ್ನು ಕಲಿಸುವ ತರಗತಿಯನ್ನೇ ನಿದ್ದೆಯಿಂದಾಗಿ ತಪ್ಪಿಸಿಕೊಳ್ಳುತ್ತಾಳೆ. ವರ್ಷಾಂತ್ಯದಲ್ಲಿ ವಿಷಯಗಳನ್ನು ಕಡಿಮೆ ಮಾಡಿಕೊಂಡು ಸಾಧನವನ್ನು ಹಿಂತಿರುಗಿಸುತ್ತಾಳೆ. ಕಾಲವನ್ನು ಕೈವಶ ಮಾಡಿಕೊಂಡರೂ ಮನುಷ್ಯನ ಮಿತಿ ಅಳಿಯದೆಂಬುದನ್ನು ಕೃತಿ ಈ ಶಾಲಾ ಪ್ರಸಂಗದಲ್ಲಿಯೇ ಸ್ಥಾಪಿಸಿಬಿಡುತ್ತದೆ.

ಸಾಧನದ ಮುಖ್ಯ ಪ್ರಯೋಗವು ಕಾದಂಬರಿಯ ಕೊನೆಯಲ್ಲಿದೆ. ಮರಣದಂಡನೆಗೆ ಗುರಿಯಾದ ಬಕ್‌ಬೀಕ್ ಎಂಬ ಹಿಪ್ಪೊಗ್ರಿಫ್ ಹಾಗೂ ನಿರಪರಾಧಿಯಾದ ಸಿರಿಯಸ್ ಬ್ಲ್ಯಾಕ್ ಇಬ್ಬರನ್ನೂ ಉಳಿಸಲು ಹ್ಯಾರಿ ಮತ್ತು ಹರ್ಮಾಯ್ನಿ ಮೂರು ಗಂಟೆ ಹಿಂದೆ ಸರಿಯುತ್ತಾರೆ. ಮೊದಲ ಬಾರಿ ಅವರು ದೂರದಿಂದ ಕೇಳಿದ್ದು ಕೊಡಲಿಯ ಸದ್ದು, ಅದರ ಬೆನ್ನಿಗೆ ಹ್ಯಾಗ್ರಿಡ್‌ನ ಗೋಳು. ಬಕ್‌ಬೀಕ್ ಸತ್ತಿತೆಂದು ಅವರೂ ಓದುಗರೂ ನಿರ್ಧರಿಸಿದ್ದಾಯಿತು. ಎರಡನೆಯ ಬಾರಿ ತಿಳಿಯುವ ಸಂಗತಿಯೇ ಬೇರೆ. ಬಲಿಪ್ರಾಣಿ ಕಾಣೆಯಾದುದನ್ನು ಕಂಡ ವಧಕಾರನು ಸಿಟ್ಟಿನಿಂದ ಕೊಡಲಿಯನ್ನು ಬೇಲಿಗೆ ಬೀಸಿದ್ದ. ಹ್ಯಾಗ್ರಿಡ್ ಅತ್ತದ್ದು ಸಂತೋಷದಿಂದ. ಸದ್ದು ಅದೇ, ಅಳುವೂ ಅದೇ. ಬದಲಾದುದು ಅವುಗಳ ಅರ್ಥ ಮಾತ್ರ. ಬಕ್‌ಬೀಕ್ ಎಂದೂ ಸತ್ತಿರಲಿಲ್ಲ.

ಇಲ್ಲಿ ಒಂದು ಪ್ರಶ್ನೆ ಸಹಜವಾಗಿ ಏಳುತ್ತದೆ. ಆಗಿಹೋದುದೇ ಆಗುವುದಾದರೆ ಪುರುಷಪ್ರಯತ್ನಕ್ಕೆ ಎಡೆಯೆಲ್ಲಿ? ಸರೋವರದ ಪ್ರಸಂಗವೇ ಇದಕ್ಕೆ ಉತ್ತರ. ಡಿಮೆಂಟರ್‌ಗಳಿಂದ ತನ್ನನ್ನು ಕಾಪಾಡಿದ ಆಕೃತಿಯು ತೀರಿಹೋದ ತಂದೆಯದೆಂದು ಹ್ಯಾರಿ ನಂಬಿದ್ದ. ಎರಡನೆಯ ಬಾರಿ ಅದೇ ದಡದಲ್ಲಿ ಕಾದು ನಿಂತರೂ ತಂದೆ ಬರುವುದಿಲ್ಲ. ಕಂಡದ್ದು ತನ್ನನ್ನೇ ಎಂದು ಹೊಳೆದ ಕ್ಷಣದಲ್ಲಿ ಅವನೇ ಮಂತ್ರವನ್ನು ಪ್ರಯೋಗಿಸುತ್ತಾನೆ. ತಾನು ಇದನ್ನು ಈಗಾಗಲೇ ಮಾಡಿದ್ದೇನೆಂಬ ಅರಿವು ಅವನಿಗೆ ಧೈರ್ಯ ಕೊಡುತ್ತದೆ. ಆದರೆ ಕ್ರಿಯೆಯ ಹೊಣೆಯಿಂದ ಬಿಡುಗಡೆ ಕೊಡುವುದಿಲ್ಲ. ಕಾಯುವವರು ಬೇರೆ ಯಾರೂ ಇಲ್ಲವೆಂಬ ಅನಾಥ ಬಾಲಕನ ತಿಳಿವಳಿಕೆಯೇ ಇಡೀ ಪ್ರಯಾಣದ ಫಲ. ಹೀಗಾಗಿ ತಂದೆತಾಯಿಯರನ್ನು ಉಳಿಸಲಿಲ್ಲವೇಕೆ ಎಂಬ ಆಕ್ಷೇಪಕ್ಕೆ ಕೃತಿಯೊಳಗೇ ಉತ್ತರವಿದೆ: ಈ ಸಾಧನವು ನಡೆದುದನ್ನು ಅಳಿಸುವಂಥದಲ್ಲ.

ಇದಕ್ಕೆ ವಿರುದ್ಧವಾದ ಒಂದು ಮಾತೂ ಕೃತಿಯಲ್ಲಿದೆ ಎಂಬುದನ್ನು ಮರೆಮಾಚಬೇಕಾಗಿಲ್ಲ. ಮಾಂತ್ರಿಕರು ಪ್ರಮಾದದಿಂದ ತಮ್ಮ ಹಿಂದಿನ ರೂಪಗಳನ್ನೇ ಕೊಂದದ್ದುಂಟೆಂದು ಮೆಕ್‌ಗಾನಗಲ್ ಎಚ್ಚರಿಸಿದುದಾಗಿ ಹರ್ಮಾಯ್ನಿ ಹೇಳುತ್ತಾಳೆ. ಆದರೆ ಅದು ಪಾತ್ರವೊಂದು ಕೇಳಿ ಹೇಳಿದ ಮಾತು. ಘಟನೆಗಳ ಹೆಣಿಗೆಯಲ್ಲಿ ಅದಕ್ಕೆ ಸಾಕ್ಷ್ಯ ಒಂದೂ ಇಲ್ಲ. ಮಾತಿಗಿಂತ ಹೆಣಿಗೆಯೇ ಹೆಚ್ಚು ಪ್ರಮಾಣವೆನಿಸಬೇಕು.

ವಿಷಾದದ ಸಂಗತಿಯೆಂದರೆ ಮುಂದಿನ ಕೃತಿಗಳು ಈ ಸೂಕ್ಷ್ಮವನ್ನು ಉಳಿಸಿಕೊಳ್ಳಲಿಲ್ಲ. 2003ರ ಐದನೆಯ ಕಾದಂಬರಿಯಲ್ಲಿ ಮರಳುಗಡಿಯಾರಗಳ ಕಪಾಟು ಬಿದ್ದು ಒಡೆದು, ತಾನೇ ಕೂಡಿಕೊಂಡು ಗೋಡೆಗೇರಿ, ಮತ್ತೆ ಬೀಳುತ್ತದೆ. ಚಿತ್ರವೇನೋ ಸೊಗಸಾದುದು. ಆದರೆ 2005ರ ಆರನೆಯ ಕಾದಂಬರಿ ಸರ್ಕಾರದ ಸಂಗ್ರಹವೆಲ್ಲ ನಾಶವಾಯಿತೆಂದು ಸಾರಿದಾಗ ಬಿರುಕೇ ಇಲ್ಲದ ಗೋಡೆಗೆ ತೇಪೆ ಹಾಕಿದಂತಾಯಿತು. 2016ರಲ್ಲಿ ರಂಗವೇರಿದ, ಜ್ಯಾಕ್ ಥಾರ್ನ್ ರಚಿಸಿದ ನಾಟಕವಂತೂ ಹೊಸ ಟೈಮ್ ಟರ್ನರ್ ಒಂದನ್ನು ತಂದು, ಭೂತಕಾಲವನ್ನು ತಿದ್ದಿ, ವೋಲ್ಡೆಮಾರ್ಟ್ ಗೆದ್ದ ಪರ್ಯಾಯ ಜಗತ್ತನ್ನೇ ತೋರಿಸಿತು. ರಂಗಪ್ರಯೋಗವಾಗಿ ಅದು ರೋಚಕವಾಗಿರಬಹುದು. ಆದರೆ ತಿದ್ದಲಾಗದ ಭೂತಕಾಲದೆದುರು ನಿಂತು ತಾನೇ ತನಗೆ ಆಸರೆಯಾದ ಬಾಲಕನ ಗೆಲುವಿನ ಬೆಲೆ ಅಲ್ಲಿ ಕುಗ್ಗಿತು. ಲೋಕದ ನಿಯಮ ಸಡಿಲಿದೊಡನೆ ಆ ನಿಯಮ ಹೊತ್ತಿದ್ದ ನೀತಿಯೂ ಸಡಿಲುತ್ತದೆ.

ಸಾಹಿತ್ಯ ಮತ್ತು ಇತಿಹಾಸದ ವಿದ್ಯಾರ್ಥಿಗಳಿಗೆ ಮೂರನೆಯ ಕಾದಂಬರಿಯ ಮರಳುಗಡಿಯಾರ ಹತ್ತಿರದ್ದೆನಿಸಬೇಕು. ಶಾಸನವೊಂದನ್ನು ಮರಳಿ ಓದುವ ಸಂಶೋಧಕನು ಅದರಲ್ಲಿ ಹೇಳಿದ ಯುದ್ಧವನ್ನಾಗಲಿ ದಾನವನ್ನಾಗಲಿ ಬದಲಿಸಲಾರ. ಸವೆದ ಅಕ್ಷರವೊಂದು ಸರಿಯಾಗಿ ಕಂಡಾಗ, ಸೋಲೆಂದು ತಿಳಿದದ್ದು ಗೆಲುವೆಂದು, ಗೋಳೆಂದು ತಿಳಿದದ್ದು ಹರ್ಷವೆಂದು ಗೊತ್ತಾಗಬಹುದು. ದೂರದಿಂದ ಕೊಡಲಿಯ ಸದ್ದು ಕೇಳಿ ತೀರ್ಮಾನಕ್ಕೆ ಬಂದವನು ಇನ್ನೊಮ್ಮೆ ಹೋಗಿ ಬೇಲಿಯನ್ನು ನೋಡಿ ಬರಬೇಕೆಂಬುದಷ್ಟೇ ಸಂಶೋಧನೆಯ ಮೊದಲ ಪಾಠ.