ಕ್ರಯಪತ್ರದ ಸುಳ್ಳು, ಪರಿಹಾರದ ನಷ್ಟ

ಶಿಡ್ಲಘಟ್ಟ ತಾಲೂಕಿನ ಜಂಗಮಕೋಟೆ ಹೋಬಳಿಯಲ್ಲಿ ಕೈಗಾರಿಕೆಗಾಗಿ ಸುಮಾರು 2,800 ಎಕರೆ ಪಡೆಯಲು ಕೆಐಎಡಿಬಿ ಹೊರಟ ಮೇಲೆ ಅಲ್ಲಿನ ರೈತರಲ್ಲಿ ಎರಡು ಮಾತಾಗಿದೆ. ಕೆಲವರು ಭೂಮಿ ಕೊಡೋದೇ ಇಲ್ಲ ಅನ್ನುತ್ತಾರೆ. ಸರಿಯಾದ ಬೆಲೆ ಸಿಕ್ಕರೆ ಕೊಡ್ತೇವೆ ಅನ್ನುವವರೂ ಇದ್ದಾರೆ. ಪಕ್ಕದ ದೇವನಹಳ್ಳಿ ತಾಲೂಕಿನಲ್ಲಿ ಮೂರು ವರ್ಷ ಮೀರಿದ ಹೋರಾಟದ ನಂತರ 1,777 ಎಕರೆಯ ಸ್ವಾಧೀನವನ್ನು ಕೈಬಿಡುವುದಾಗಿ ಸರ್ಕಾರ 2025ರ ಜುಲೈಯಲ್ಲಿ ಹೇಳಿತು. ಕರಾವಳಿಯ ನಮ್ಮ ಓದುಗರು ಇದನ್ನು ಘಟ್ಟದ ಮೇಲಿನ ಸುದ್ದಿ ಅಂತ ಬದಿಗಿಡಬಾರದು. ಕಳವಾರು ಕಡೆ ಎಸ್‌ಇಝಡ್‌ಗೆ, ಹೆದ್ದಾರಿ 66ರ ಅಗಲೀಕರಣಕ್ಕೆ ಜಾಗ ಹೋದದ್ದನ್ನು ನಾವೂ ಕಂಡವರೇ.

ಕೊಡಬೇಕೋ ಬೇಡವೋ ಎಂಬುದನ್ನು ಭೂಮಿ ಇದ್ದವರೇ ಹೇಳಬೇಕು. ನಾವು ಇಲ್ಲಿ ಬರೆಯುವುದು ಬೆಲೆಯ ಬಗ್ಗೆ ಮಾತ್ರ.

2013ರ ಭೂಸ್ವಾಧೀನ ಕಾಯ್ದೆ ಬೆಲೆಯನ್ನು ಹೇಗೆ ಲೆಕ್ಕ ಹಾಕುತ್ತದೆ ನೋಡಿ. ಒಂದು, ಸರ್ಕಾರದ ಮಾರ್ಗಸೂಚಿ ದರ. ಇನ್ನೊಂದು, ಆ ಊರಿನಲ್ಲಿ ಅಥವಾ ಹತ್ತಿರದ ಊರಿನಲ್ಲಿ ಹಿಂದಿನ 3 ವರ್ಷ ಇಂಥದೇ ಜಾಗಕ್ಕೆ ಆದ ಕ್ರಯಪತ್ರಗಳಲ್ಲಿ ಹೆಚ್ಚಿನ ಬೆಲೆಯ ಅರ್ಧದಷ್ಟನ್ನು ತೆಗೆದು ಅವುಗಳ ಸರಾಸರಿ. ಇವುಗಳಲ್ಲಿ ಯಾವುದು ಜಾಸ್ತಿಯೋ ಅದೇ ಮಾರುಕಟ್ಟೆ ಬೆಲೆ. ಹಳ್ಳಿಯ ಜಾಗವಾದರೆ ಅದನ್ನು ಎರಡರವರೆಗೆ ಗುಣಿಸಬಹುದು. ಹಿಪ್ಪುನೇರಳೆ ತೋಟ, ಮರ, ಕೊಳವೆಬಾವಿಗೆ ಬೇರೆ ಲೆಕ್ಕ. ಒಟ್ಟು ಬಂದ ಮೊತ್ತದಷ್ಟೇ ಮತ್ತೊಮ್ಮೆ ಸೊಲೇಷಿಯಂ ಅಂತ ಸೇರುತ್ತದೆ. ಹಳೆಯ 1894ರ ಕಾಯ್ದೆಯಲ್ಲಿ ಇದು ಶೇ. 30 ಮಾತ್ರ ಇತ್ತು. (ತಡವಾದದ್ದಕ್ಕೆ ಸೇರಿಸಿ ಕೊಡುವ ಬಡ್ಡಿ ಹಣ ನಮಗೆ ಆಗುತ್ತದಾ ಅಂತ ಕೇಳುವವರಿದ್ದಾರೆ. ಅದನ್ನು ನಿಮ್ಮ ಖಾಝಿಯವರಲ್ಲೇ ಕೇಳಿ.)

ಅಂದರೆ ಲೆಕ್ಕದ ಬುಡ ಇರುವುದು ಕ್ರಯಪತ್ರದಲ್ಲಿ. ಆ ಕ್ರಯಪತ್ರದಲ್ಲಿ ನಾವು ಬರೆಸುವುದು ಏನು? 50 ಲಕ್ಷಕ್ಕೆ ಕೊಂಡ ಜಾಗಕ್ಕೆ ಮುದ್ರಾಂಕ ಶುಲ್ಕ ಉಳಿಯಲಿ ಅಂತ 20 ಲಕ್ಷ ಬರೆಸುತ್ತೇವೆ. ಉಳಿದದ್ದು ಕೈಯಿಂದ ಕೈಗೆ. ಎರಡು ಪಟ್ಟು ಮತ್ತು ಸೊಲೇಷಿಯಂ ಲೆಕ್ಕದಲ್ಲಿ 20 ಲಕ್ಷ 80 ಲಕ್ಷವಾಗುತ್ತದೆ, 50 ಲಕ್ಷ 2 ಕೋಟಿಯಾಗುತ್ತದೆ. ಬರೆಸಿದವರಿಗೆ ಒಂದೆರಡು ಲಕ್ಷ ಉಳಿಯಿತು. ಆದರೆ ಇಂಥ ಪತ್ರಗಳೇ ಊರಿನ ತುಂಬ ಇದ್ದರೆ, ಆ ವ್ಯವಹಾರದ ಸುದ್ದಿಯೇ ಇಲ್ಲದ ನೆರೆಮನೆಯ ವಿಧವೆಯ ಅರ್ಧ ಎಕರೆಗೂ ಅದೇ ದರ ಬೀಳುತ್ತದೆ. ಸುಳ್ಳು ಬರೆಸುವುದನ್ನು ನಾವು ವ್ಯಾಪಾರದ ಜಾಣತನ ಅಂದುಕೊಂಡಿದ್ದೇವೆ. ಅದು ಇನ್ನೊಬ್ಬರ ಹಕ್ಕನ್ನು ತಿನ್ನುವುದು.

ಸರ್ಕಾರದ ತಪ್ಪು ಸಣ್ಣದು ಅಂತ ಇದರ ಅರ್ಥವಲ್ಲ. ಬೆಂಗಳೂರು-ಮೈಸೂರು ಕಾರಿಡಾರ್ ರಸ್ತೆಗೆ 2003ರಲ್ಲಿ ಕೆಐಎಡಿಬಿ ಅಧಿಸೂಚನೆ ಹೊರಡಿಸಿತು. ಜಾಗ ಹೋಯಿತು. ಪರಿಹಾರದ ಐತೀರ್ಪು ಬಂದದ್ದು 2019ರಲ್ಲಿ. ಕೊನೆಗೆ 2025ರ ಜನವರಿ 2ರಂದು ಸುಪ್ರೀಂ ಕೋರ್ಟ್, 2019ರ ಏಪ್ರಿಲ್ 22ರ ಮಾರುಕಟ್ಟೆ ದರದಲ್ಲೇ ಪರಿಹಾರ ಲೆಕ್ಕ ಹಾಕಿ ಅಂತ ಆದೇಶಿಸಿತು. ಹಳೆಯ ದರಕ್ಕೆ ಇವತ್ತು ಯಾರು ಜಾಗ ಕೊಡ್ತಾರೆ ಹೇಳಿ? ಆ ಕುಟುಂಬಗಳು ಇಪ್ಪತ್ತಕ್ಕೂ ಹೆಚ್ಚು ವರ್ಷ ಕಾದವು.

ಮದೀನದಲ್ಲಿ ಮಸ್ಜಿದುನ್ನಬವಿ ಕಟ್ಟಿದ ಜಾಗ ಸಹ್ಲ್ ಮತ್ತು ಸುಹೈಲ್ ಎಂಬ ಇಬ್ಬರು ಯತೀಮ್ ಮಕ್ಕಳದ್ದಾಗಿತ್ತು. ಉಚಿತವಾಗಿ ಕೊಡುತ್ತೇವೆ ಅಂದರೂ ಪ್ರವಾದಿ (ಸ) ಒಪ್ಪದೆ ಬೆಲೆ ಕೊಟ್ಟೇ ತೆಗೆದುಕೊಂಡರು. ಅಲ್ಲಾಹನ ಮನೆಗೇ ಹಾಗಾದರೆ ಕಾರ್ಖಾನೆಗೆ ಹೇಗಿರಬೇಕು? ಮದ್ರಸದ ಚಿಕ್ಕ ಮಕ್ಕಳಿಗೆ ನಾವು ಈ ಚರಿತ್ರೆ ಕಲಿಸುತ್ತೇವೆ. ಆದರೆ ನಮ್ಮದೇ ಮನೆಗಳಲ್ಲಿ ಪರಿಹಾರದ ಹಣ ಬಂದಾಗ ಏನಾಗುತ್ತದೆ? ತಂದೆ ತೀರಿ ಹತ್ತು ವರ್ಷವಾದರೂ ಪೌತಿ ಖಾತೆ ಆಗಿರುವುದಿಲ್ಲ. ಆಮೇಲೆ ಗಡಿಬಿಡಿಯಲ್ಲಿ ಹಿರಿಯ ಅಣ್ಣನ ಹೆಸರಿಗೆ ಪಹಣಿ, ಅವನ ಖಾತೆಗೇ ಹಣ. ತಂಗಿಯರು ಕೇಳಿದರೆ, ನಿಮ್ಮ ಮದುವೆಗೆ ಖರ್ಚು ಮಾಡಿದ್ದೇವಲ್ಲ ಅನ್ನುವ ಉತ್ತರ. ಮದುವೆಯ ಖರ್ಚು ಮೀರಾಸಿನ ಪಾಲಲ್ಲ. ಸೂರತುನ್ನಿಸಾ ಹೆಣ್ಣುಮಕ್ಕಳಿಗೆ ಇಟ್ಟ ಪಾಲನ್ನು ಕಡಿಮೆ ಮಾಡುವ ಅಧಿಕಾರ ಅಣ್ಣನಿಗಿಲ್ಲ. ನೋಟಿಸ್ ಬರುವ ಮೊದಲೇ ಎಲ್ಲ ವಾರಸುದಾರರ ಹೆಸರು ಪಹಣಿಗೆ ಸೇರಲಿ.

ಸಹಿ ಹಾಕುವಾಗಲೂ ಎಚ್ಚರ ಬೇಕು. 1966ರ ಕೆಐಎಡಿ ಕಾಯ್ದೆಯಲ್ಲಿ ಒಪ್ಪಂದದ ದರಕ್ಕೆ ಅವಕಾಶವಿದೆ. ಒಪ್ಪಿ ಸಹಿ ಹಾಕಿದ ಮೇಲೆ ಹೆಚ್ಚು ಕೇಳುವ ಬಾಗಿಲು ಬಹುತೇಕ ಮುಚ್ಚಿದಂತೆ. ಐತೀರ್ಪಿನ ದರ ಒಪ್ಪಿಗೆಯಾಗದಿದ್ದರೂ ಹಣ ತೆಗೆದುಕೊಳ್ಳಬಹುದು, ಆದರೆ ಆಕ್ಷೇಪಣೆ ಇಟ್ಟುಕೊಂಡೇ ಪಡೆಯುತ್ತಿದ್ದೇನೆ ಅಂತ ಬರಹದಲ್ಲಿ ಕೊಡಬೇಕು. ಹಾಗೆ ಬರೆಯದೆ ತೆಗೆದುಕೊಂಡವರು ಮುಂದೆ ಹೆಚ್ಚಿನ ಪರಿಹಾರ ಕೇಳುವಂತಿಲ್ಲ. 2013ರ ಕಾಯ್ದೆಯಡಿ ಐತೀರ್ಪಿನ ದಿನ ನೀವು ಹಾಜರಿದ್ದರೆ ಅರ್ಜಿಗೆ ಇರುವುದು 6 ವಾರ. ಜಮಾಅತ್ ಕಮಿಟಿಗಳು ಒಂದು ಜುಮಾದ ನಂತರ ಒಬ್ಬ ವಕೀಲರನ್ನು ಕೂರಿಸಿ, ಮನೆಮನೆಯ ಪಹಣಿ ತರಿಸಿ ಓದಿಸಲಿ. ಹೆಂಗಸರಿಗೂ ಕೂರಲು ಜಾಗ ಮಾಡಿ ಕರೆಯಿರಿ.